ತಲೆಕಟ್ಟನ್ನು ಸೆರಿಫ್ ಅನ್ನಬಹುದಾ?

ಪ್ರಶ್ನೆ: ನಾನು ಡಿಸೈನ್ ಓದುತ್ತಿದ್ದೇನೆ, ಎರಡನೇ ವರ್ಷ. ಅಕ್ಷರವಿನ್ಯಾಸದ ಪಾಠದಲ್ಲಿ ಸೆರಿಫ್, ಟರ್ಮಿನಲ್, ಸ್ಪರ್, ಬೀಕ್ ಅಂತ ಸಾಲು ಸಾಲು ಹೆಸರು ಬಾಯಿಪಾಠ ಮಾಡಿಸುತ್ತಿದ್ದಾರೆ. ಸೆರಿಫ್‌ಗೂ ಟರ್ಮಿನಲ್‌ಗೂ ಏನು ವ್ಯತ್ಯಾಸ? ಈ ಹೆಸರೆಲ್ಲ ಕಲಿತು ಏನು ಉಪಯೋಗ? ಕನ್ನಡದ ತಲೆಕಟ್ಟನ್ನು ಸೆರಿಫ್ ಅನ್ನಬಹುದಾ? ದಪ್ಪ ಚೌಕ ಪಾದಗಳಿರುವ ಒಂದು ಇಂಗ್ಲಿಷ್ ಫಾಂಟಿಗೆ ಜೋಡಿಯಾಗುವಂಥ ಕನ್ನಡ ಅಕ್ಷರ ಬರೆಯಿರಿ ಅಂತ ಅಸೈನ್‌ಮೆಂಟ್ ಕೊಟ್ಟಿದ್ದಾರೆ. ‘ದೀಪ’ ಅಂತ ಬರೆದು ಚಿತ್ರ ಕಳಿಸಿದ್ದೇನೆ. ನೋಡಿ ಹೇಳಿ, ಮೇಡಂ.
(ಶಿರಸಿಯ ಓದುಗರೊಬ್ಬರು)

ಉತ್ತರ: ನಿಮ್ಮ ‘ದೀಪ’ದ ವಿಷಯಕ್ಕೆ ಕೊನೆಯಲ್ಲಿ ಬರುತ್ತೇನೆ. ಅದರಲ್ಲಿ ಒಂದು ತಪ್ಪಿದೆ. ನಾನೂ ಒಮ್ಮೆ ಅದೇ ತಪ್ಪು ಮಾಡಿದ್ದೆ, ಅದನ್ನೂ ಹೇಳುತ್ತೇನೆ.

ಮೊದಲು ಸುಲಭದ ಪ್ರಶ್ನೆ ಮುಗಿಸಿಬಿಡೋಣ. ಗೆರೆ ಎಲ್ಲಿ ನಿಲ್ಲುತ್ತದೋ ಅದು ತುದಿ. ಆ ತುದಿಗೆ ಅಡ್ಡಲಾಗಿ ಇನ್ನೊಂದು ಪುಟ್ಟ ಗೆರೆ ಕೂತಿದ್ದರೆ ಅದು ಸೆರಿಫ್. ಅಡ್ಡಗೆರೆ ಇಲ್ಲದೆ ಗೆರೆ ತಾನಾಗಿ ಮುಗಿದರೆ ಅದು ಟರ್ಮಿನಲ್. ಚೂಪಾಗಿ ಮುಗಿಯಲಿ, ಮೊಂಡಾಗಿ ಮುಗಿಯಲಿ, ಉಂಡೆಯಾಗಿ ಮುಗಿಯಲಿ, ಹೆಸರು ಅದೇ. ಎರಡೂ ಒಂದೇ ಅಕ್ಷರದಲ್ಲಿ ಇರಬಹುದು. ಟೈಮ್ಸ್ ನ್ಯೂ ರೋಮನ್‌ನಲ್ಲಿ ಸಣ್ಣ ‘ಆರ್’ ಟೈಪ್ ಮಾಡಿ ದೊಡ್ಡದು ಮಾಡಿ ನೋಡಿ. ಕಂಬದ ಬುಡದಲ್ಲಿ ಪಾದ ಇದೆ, ಅದು ಸೆರಿಫ್. ಬಲಗಡೆ ಚಾಚಿದ ಕೈ ಹನಿಯ ಹಾಗೆ ದಪ್ಪಗಾಗಿ ಮುಗಿದಿದೆ, ಅದು ಟರ್ಮಿನಲ್.

ಉಳಿದ ಹೆಸರುಗಳನ್ನೂ ಬೇಗ ಮುಗಿಸುತ್ತೇನೆ. ನೇರ ನಿಂತ ಗೆರೆಗೆ ನಾನು ಕಂಬ ಅನ್ನುತ್ತೇನೆ. ದುಂಡು ಭಾಗ ಹೊಟ್ಟೆ. ಹೊಟ್ಟೆಯ ಒಳಗಿನ ಖಾಲಿ ಜಾಗ ಒಳಬಯಲು. ಆ ಬಯಲು ಹೊರಕ್ಕೆ ತೆರೆದುಕೊಳ್ಳುವ ಕಡೆ ಬಾಯಿ. ದೊಡ್ಡ ‘ಜಿ’ಯ ಗಲ್ಲದ ಕೆಳಗೆ ಚಾಚಿದ ಮುಳ್ಳು ಸ್ಪರ್, ಅಂದರೆ ಹುಂಜದ ಕಾಲಿನ ಮುಳ್ಳು. ದೊಡ್ಡ ‘ಟಿ’ಯ ಕೈಗಳ ತುದಿಯಲ್ಲಿ ಕೆಳಕ್ಕೆ ಬಾಗಿದ್ದು ಬೀಕ್, ಅಂದರೆ ಕೊಕ್ಕು. ಎರಡಂತಸ್ತಿನ ಸಣ್ಣ ‘ಜಿ’ಯ ತಲೆಯ ಪಕ್ಕ ಎದ್ದು ನಿಂತದ್ದು ಕಿವಿ. ಮನುಷ್ಯನದೋ ಕೋಳಿಯದೋ ಒಂದು ಅಂಗ, ಅಷ್ಟೇ. ಕನ್ನಡದವರಿಗೆ ಇದೇನೂ ಹೊಸದಲ್ಲ. ನಮ್ಮ ಕಾಗುಣಿತದಲ್ಲಿ ತಲೆ ಇದೆ, ಕೊಂಬಿದೆ, ಗುಡಿ ಇದೆ, ಸುಳಿಯೂ ಇದೆ.

ಹೆಸರು ಕಲಿತು ಏನು ಉಪಯೋಗ ಅಂದಿರಿ. ಬರೀ ಹೆಸರಿನಿಂದ ಹೆಚ್ಚೇನೂ ಇಲ್ಲ. ಹೆಸರು ಗೊತ್ತಿದ್ದೂ ಅಕ್ಷರ ನೋಡಲು ಬಾರದವರನ್ನು ನಾನು ಬೇಕಾದಷ್ಟು ಕಂಡಿದ್ದೇನೆ. ತುದಿಯಲ್ಲಿ ನೋಡಬೇಕಾದ್ದು ಒಂದೇ: ಬರೆದವರ ಕೈಯಲ್ಲಿ ಏನಿತ್ತು, ಅದನ್ನು ಅವರು ಹೇಗೆ ಎತ್ತಿದರು? ನಡುವಿನ ಗೆರೆ ಎಷ್ಟೋ ಸಲ ಇದನ್ನು ಮುಚ್ಚಿಡುತ್ತದೆ. ತುದಿ ಮುಚ್ಚಿಡುವುದಿಲ್ಲ.

ನನಗೆ ಇದು ಗೊತ್ತಾದದ್ದು ಕಾಲೇಜಿನಲ್ಲಿ ಅಲ್ಲ. ದಾವಣಗೆರೆಯಲ್ಲಿ ನಮ್ಮ ಬೀದಿಯ ಕೊನೆಗೆ ಬೋರ್ಡ್ ಬರೆಯುವ ಪೇಂಟರ್ ಅಣ್ಣ ಒಬ್ಬರಿದ್ದರು. ಬೇಸಿಗೆ ರಜೆಯಲ್ಲಿ ಅವರ ಅಂಗಡಿ ಮುಂದೆ ಕೂತು ನೋಡುವುದೇ ನನ್ನ ಕೆಲಸ. ಇಂಗ್ಲಿಷ್ ಅಕ್ಷರದ ಕಂಬ ಎಳೆಯುವಾಗ ಅವರು ಚಪ್ಪಟೆ ಬ್ರಷ್ಷನ್ನು ಮೇಲಿನಿಂದ ಕೆಳಕ್ಕೆ ತರುತ್ತಿದ್ದರು. ಬುಡಕ್ಕೆ ಬಂದಾಗ ಬ್ರಷ್ ಎತ್ತಿದರೆ ತುದಿ ಹರಕು ಹರಕಾಗಿ ಕಾಣುತ್ತದೆ, ಒಂದೊಂದು ಕೂದಲು ಒಂದೊಂದು ಕಡೆ ಬಿಡುತ್ತದೆ. ಅದಕ್ಕೆ ಅವರು ಬ್ರಷ್ಷನ್ನು ಬೆರಳಲ್ಲೇ ತಿರುಗಿಸಿ ಅಡ್ಡಕ್ಕೆ ಒಂದು ಸಣ್ಣ ಎಳೆತ ಕೊಡುತ್ತಿದ್ದರು. ತುದಿ ನೀಟಾಗಿ ಕೂರುತ್ತಿತ್ತು. “ಇದ್ಯಾಕಣ್ಣ?” ಅಂದರೆ, “ಬಾಯಿ ಹೊಲಿಯದೆ ಚೀಲ ಬಿಡ್ತಾರೇನಮ್ಮ?” ಅಂದಿದ್ದರು.

ಎಷ್ಟೋ ವರ್ಷದ ಮೇಲೆ ಎಡ್ವರ್ಡ್ ಕ್ಯಾಟಿಚ್ ಅನ್ನುವವರ ವಾದ ಓದಿದಾಗ ನನಗೆ ಅಣ್ಣನ ಅಂಗಡಿ ನೆನಪಾಯಿತು. ಕ್ಯಾಟಿಚ್ ಅಮೆರಿಕದ ಅಯೋವಾದಲ್ಲಿದ್ದ ಕ್ರೈಸ್ತ ಪಾದ್ರಿ. ಪಾದ್ರಿಯಾಗುವ ಮುಂಚೆ ಷಿಕಾಗೋದಲ್ಲಿ ಬೋರ್ಡ್ ಬರೆಯುತ್ತಿದ್ದರು. ರೋಮ್‌ನಲ್ಲಿ ಕ್ರಿ.ಶ. 113ರ ಟ್ರೇಜನ್ ಸ್ತಂಭ ಇದೆ. ಅದರ ಬುಡದ ಶಾಸನವನ್ನು ಅಕ್ಷರ ಕಲಿಯುವವರು ಇವತ್ತಿಗೂ ಮಾದರಿ ಅಂತ ನೋಡುತ್ತಾರೆ. ಅಲ್ಲಿನ ಸೆರಿಫ್ ಉಳಿಯ ಕೆಲಸ, ಕಲ್ಲಿನಲ್ಲಿ ಗೆರೆಯ ಕೊನೆಯನ್ನು ಚೊಕ್ಕ ಮಾಡಲು ಬಂದದ್ದು ಅಂತಲೇ ಬಹಳ ಜನ ನಂಬಿದ್ದರು. ಕ್ಯಾಟಿಚ್ 1968ರಲ್ಲಿ ಒಂದು ಪುಸ್ತಕ ಬರೆದು ಅದನ್ನು ಅಲ್ಲಗಳೆದರು. ಕಲ್ಲು ಕೆತ್ತುವ ಮುಂಚೆ ಅಕ್ಷರವನ್ನು ಚಪ್ಪಟೆ ಬ್ರಷ್ಷಿನಲ್ಲಿ ಕಲ್ಲಿನ ಮೇಲೇ ಬರೆದಿದ್ದಾರೆ, ಸೆರಿಫ್ ಹುಟ್ಟಿದ್ದು ಆ ಬ್ರಷ್ಷಿನ ತಿರುವಿನಲ್ಲಿ, ಉಳಿ ಅದರ ಹಿಂದೆ ಹೋಗಿದೆ ಅಷ್ಟೇ ಅಂದರು. ಒಪ್ಪದವರು ಈಗಲೂ ಇದ್ದಾರೆ. ಆದರೆ ಬ್ರಷ್ ಹಿಡಿದು ಹೊಟ್ಟೆ ಹೊರೆದವನಿಗೆ ಬ್ರಷ್ಷಿನ ಗುರುತು ಕಂಡಿತು ಅನ್ನುವುದು ನನಗೆ ಸಹಜ ಅನ್ನಿಸುತ್ತದೆ.

ಈಗ ಒಂದು ಕೆಲಸ ಮಾಡಿ. ಓದುತ್ತಾ ಹೋಗಬೇಡಿ, ನಿಜವಾಗಿ ಮಾಡಿ. ಎರಡು ಪೆನ್ಸಿಲ್ ಅಕ್ಕಪಕ್ಕ ಇಟ್ಟು ಎರಡು ರಬ್ಬರ್ ಬ್ಯಾಂಡ್ ಹಾಕಿ. ಎರಡು ಮೊನೆಯೂ ಒಟ್ಟಿಗೆ ಕಾಗದ ಮುಟ್ಟಬೇಕು. ಇದೇ ನಿಮ್ಮ ಅಗಲ ಮೊನೆಯ ಪೆನ್ನು. ಮೊನೆಗಳನ್ನು ಸ್ವಲ್ಪ ಓರೆಯಾಗಿ, ಸುಮಾರು 30 ಡಿಗ್ರಿಯಲ್ಲಿ ಹಿಡಿದು, ಕೈ ತಿರುಗಿಸದೆ ಇಂಗ್ಲಿಷ್ ಸಣ್ಣ ‘ಎನ್’ ಬರೆಯಿರಿ. ಕೆಳಕ್ಕೆ ಬರುವಾಗ ಗೆರೆ ದಪ್ಪ. ಮೊನೆಗಳ ಓರೆಯ ದಿಕ್ಕಿನಲ್ಲೇ ಹೋಗುವಾಗ ಸಣ್ಣ. ಕಂಬ ಶುರುವಾಗುವ ಕಡೆ ಒಂದು ಓರೆ ತ್ರಿಕೋನ ತಾನಾಗಿ ಮೂಡುತ್ತದೆ, ನೀವು ಬೇಡ ಅಂದರೂ. ನಿಕೊಲಾ ಜೆನ್ಸನ್ ಅನ್ನುವ ಮುದ್ರಕ 1470ರಲ್ಲಿ ವೆನಿಸ್‌ನಲ್ಲಿ ಮಾಡಿದ ಅಚ್ಚಿನ ಮೊಳೆಗಳಲ್ಲಿ ಇರುವುದು ಇದೇ ತ್ರಿಕೋನ. ಉಕ್ಕಿನಲ್ಲಿ ಕೊರೆದು ಸೀಸದಲ್ಲಿ ಎರಕ ಹೊಯ್ದಿದ್ದಾರೆ, ಆದರೂ ತುದಿಯಲ್ಲಿ ಪೆನ್ನು ಇನ್ನೂ ಬದುಕಿದೆ. ಪಾದಕ್ಕೂ ಕಂಬಕ್ಕೂ ನಡುವೆ ಮೆತ್ತನೆಯ ಬಾಗು ಇದೆಯಲ್ಲ, ಮರದ ಬುಡ ನೆಲಕ್ಕೆ ಇಳಿಯುವ ಹಾಗೆ, ಅದೂ ಪೆನ್ನಿನ ಬಳುವಳಿಯೇ.

ಆಮೇಲೆ ಪೆನ್ನು ಬದಲಾಯಿತು. ಚೂಪು ಮೊನೆ ಬಂತು, ಒತ್ತಿದರೆ ಸೀಳಿಕೊಂಡು ದಪ್ಪ ಗೆರೆ, ಒತ್ತದಿದ್ದರೆ ಕೂದಲೆಳೆ. ಇಲ್ಲಿ ದಪ್ಪ ಬರುವುದು ಮೊನೆಯ ಓರೆಯಿಂದ ಅಲ್ಲ, ಕೈಯ ಒತ್ತಡದಿಂದ. ಇಂಗ್ಲೆಂಡಿನಲ್ಲಿ ಜಾನ್ ಬಾಸ್ಕರ್‌ವಿಲ್ 1757ರಲ್ಲಿ ಅಚ್ಚು ಹಾಕಿದ ವರ್ಜಿಲ್ ಕಾವ್ಯದಲ್ಲಿ ಈ ಬದಲಾವಣೆ ಅರ್ಧ ದಾರಿ ಬಂದಿದೆ. ಇಟಲಿಯ ಪಾರ್ಮಾದಲ್ಲಿದ್ದ ಮುದ್ರಕ ಬೊಡೋನಿಯ ಹೊತ್ತಿಗೆ ಪೂರ್ತಿ ಬಂದಾಯಿತು. ಅವನ ಅಕ್ಷರದ ಕಂಬ ದಪ್ಪ, ಪಾದ ಕೂದಲೆಳೆ, ನಡುವೆ ಬಾಗು ಅನ್ನುವುದೇ ಇಲ್ಲ. ಸಣ್ಣ ‘ಎ’, ‘ಸಿ’, ‘ಆರ್’ಗಳ ತುದಿಯಲ್ಲಿ ಮಾತ್ರ ಕೂದಲೆಳೆ ಹೋಗಿ ಒಂದು ಗುಂಡಗಿನ ಮಣಿಗೆ ನಿಲ್ಲುತ್ತದೆ. ಇದೇ ನಿಮ್ಮ ಪುಸ್ತಕದ ಬಾಲ್ ಟರ್ಮಿನಲ್. ಮದುವೆ ಕಾರ್ಡಿನವರಿಗೂ ಫ್ಯಾಷನ್ ಪತ್ರಿಕೆಯವರಿಗೂ ಈ ಮಣಿ ಕಂಡರೆ ಎಲ್ಲಿಲ್ಲದ ಪ್ರೀತಿ.

ಈ ಎರಡು ಪೆನ್ನಿನ ಲೆಕ್ಕವನ್ನು ಚೊಕ್ಕವಾಗಿ ಬಿಡಿಸಿ ಹೇಳಿದವರು ಹಾಲೆಂಡಿನ ಗೆರಿಟ್ ನೋರ್ಡ್‌ಜೈ, ಹೇಗ್‌ನ ಕಲಾಶಾಲೆಯಲ್ಲಿ ಮೇಷ್ಟ್ರಾಗಿದ್ದವರು. ಅವರ ಶಿಷ್ಯರೂ ಶಿಷ್ಯರ ಶಿಷ್ಯರೂ ಇವತ್ತು ಜಗತ್ತಿನ ಎಷ್ಟೋ ಕಡೆ ಅಕ್ಷರ ಮಾಡುತ್ತಿದ್ದಾರೆ. ಒಂದು ಮಾತು ಮಾತ್ರ ನೆನಪಿಟ್ಟುಕೊಳ್ಳಿ. ಅವರ ಲೆಕ್ಕ ಲ್ಯಾಟಿನ್ ಅಕ್ಷರದ ಸುತ್ತ ಬೆಳೆದದ್ದು. ಕನ್ನಡಕ್ಕೆ ಹಾಗೇ ಎತ್ತಿ ಇಟ್ಟರೆ ಕೂರುವುದಿಲ್ಲ. ಯಾಕೆ ಅಂತ ಮುಂದೆ ಹೇಳುತ್ತೇನೆ.

ಇನ್ನು ಪಾದವೇ ಇಲ್ಲದ ಅಕ್ಷರ. ಲಂಡನ್ನಿನ ನಾಲ್ಕನೇ ವಿಲಿಯಂ ಕ್ಯಾಸ್ಲನ್ 1816ರಲ್ಲಿ ತನ್ನ ಮಾದರಿ ಪುಸ್ತಕದಲ್ಲಿ ಒಂದು ಸಾಲು ದೊಡ್ಡಕ್ಷರ ತೋರಿಸಿದ, ಸೆರಿಫ್ ಇಲ್ಲದ್ದು. ಅಚ್ಚಿನ ಮೊಳೆಯಲ್ಲಿ ಅದೇ ಮೊದಲು. ಪಾದ ಕತ್ತರಿಸಿದ ಮೇಲೆ ತುದಿಗೆ ಪೆನ್ನಿನ ಆಸರೆ ತಪ್ಪಿತು. ಈಗ ‘ಸಿ’ಯ ತುದಿಯನ್ನು ಯಾವ ಕೋನದಲ್ಲಿ ಕತ್ತರಿಸಬೇಕು? ಯಾವ ಉಪಕರಣವೂ ಉತ್ತರ ಹೇಳುವುದಿಲ್ಲ, ಮಾಡುವವರೇ ತೀರ್ಮಾನಿಸಬೇಕು. ನನಗೆ ಈ ವಿಷಯದಲ್ಲಿ ಅತ್ಯಂತ ಇಷ್ಟದ ಭಾಗ ಇದು.

1957ರಲ್ಲಿ ಸ್ವಿಟ್ಜರ್‌ಲೆಂಡಿನ ಹಾಸ್ ಫೌಂಡ್ರಿಯಲ್ಲಿ, ಅಂದರೆ ಮೊಳೆ ಎರಕ ಹೊಯ್ಯುವ ಕಾರ್ಖಾನೆಯಲ್ಲಿ, ಮ್ಯಾಕ್ಸ್ ಮೀಡಿಂಗರ್ ಮತ್ತು ಎಡ್ವರ್ಡ್ ಹಾಫ್‌ಮನ್ ಸೇರಿ ಒಂದು ಅಕ್ಷರ ಮಾಡಿದರು. 1960ರಲ್ಲಿ ಅದಕ್ಕೆ ಹೆಲ್ವೆಟಿಕಾ ಅಂತ ಹೆಸರಾಯಿತು. ಅದರ ಸಣ್ಣ ‘ಸಿ’, ‘ಇ’, ‘ಎಸ್’ ನೋಡಿ. ಗೆರೆ ಎಷ್ಟೇ ಬಾಗಿ ಬಂದರೂ ತುದಿಯನ್ನು ನೆಲಕ್ಕೆ ಸಮವಾಗಿ, ಮಟ್ಟಗೋಲು ಇಟ್ಟ ಹಾಗೆ ಕತ್ತರಿಸಿದ್ದಾರೆ. 1982ರಲ್ಲಿ ಮೊನೋಟೈಪ್ ಅನ್ನುವ ಕಂಪನಿಗೆ ರಾಬಿನ್ ನಿಕೋಲಸ್ ಮತ್ತು ಪೆಟ್ರೀಷಿಯಾ ಸಾಂಡರ್ಸ್ ಮಾಡಿದ ಏರಿಯಲ್‌ನಲ್ಲಿ ಅದೇ ತುದಿಗಳು ಓರೆ. ಅಕ್ಷರಗಳ ಅಗಲ ಹೆಲ್ವೆಟಿಕಾದ್ದೇ, ಒಂದರ ಜಾಗದಲ್ಲಿ ಇನ್ನೊಂದು ಇಟ್ಟರೆ ಸಾಲು ಕದಲುವುದಿಲ್ಲ. ಎರಡನ್ನೂ ಗುರುತಿಸಬೇಕಾದರೆ ಸಣ್ಣ ‘ಟಿ’ಯ ನೆತ್ತಿ ನೋಡಿ. ನೆತ್ತಿ ಸಪಾಟಾಗಿದ್ದರೆ ಹೆಲ್ವೆಟಿಕಾ, ಓರೆಯಾಗಿ ಸೀಳಿದ್ದರೆ ಏರಿಯಲ್. ದೊಡ್ಡ ‘ಜಿ’ಗೆ ಹುಂಜದ ಮುಳ್ಳಿದ್ದರೆ ಹೆಲ್ವೆಟಿಕಾ. ಒಂದು ವಾರ ಅಂಗಡಿ ಬೋರ್ಡುಗಳಲ್ಲಿ ಹುಡುಕಿ, ಆಮೇಲೆ ಬಿಡಲು ಆಗುವುದಿಲ್ಲ. ನನ್ನ ಮನೆಯವರು ನನ್ನ ಜೊತೆ ಪೇಟೆಗೆ ಬರುವುದನ್ನೇ ಬಿಟ್ಟಿದ್ದಾರೆ. ಮೂರನೆಯ ದಾರಿಯೂ ಇದೆ. ಪೌಲ್ ರೆನ್ನರ್ 1927ರ ಫ್ಯುಚುರಾದಲ್ಲಿ ‘ಸಿ’ಯ ತುದಿಗಳನ್ನು ನೇರ ಮೇಲಿಂದ ಕೆಳಕ್ಕೆ ಕತ್ತರಿಸಿದ, ದೋಸೆಯ ಅಂಚು ಚಾಕುವಿನಲ್ಲಿ ತೆಗೆದ ಹಾಗೆ.

ಬರೀ ರುಚಿಯ ಮಾತು ಅಂತ ತಿಳಿಯಬೇಡಿ. ಅಡ್ಡ ಕತ್ತರಿಸಬೇಕೆಂದರೆ ಗೆರೆಯನ್ನು ಹೆಚ್ಚು ದೂರ ಬಾಗಿಸಿಕೊಂಡು ಬರಬೇಕು. ಆಗ ‘ಸಿ’ಯ ಬಾಯಿ ಕಿರಿದಾಗುತ್ತದೆ. ಹೆಲ್ವೆಟಿಕಾದ ‘ಸಿ’ ದೂರದಿಂದ ‘ಓ’ ಹಾಗೆ ಕಾಣುವುದು ಇದಕ್ಕೇ. ಪೋಸ್ಟರಿನಲ್ಲಿ ಚೆನ್ನ, ಹೆದ್ದಾರಿ ಫಲಕದಲ್ಲಿ ಕಷ್ಟ. ಏಡ್ರಿಯನ್ ಫ್ರುಟಿಗರ್ ಪ್ಯಾರಿಸ್ಸಿನ ಚಾರ್ಲ್ಸ್ ದ ಗಾಲ್ ವಿಮಾನ ನಿಲ್ದಾಣದ ಫಲಕಗಳಿಗೆ ಅಕ್ಷರ ಮಾಡುವಾಗ ಗೆರೆಯನ್ನು ಬೇಗ ನಿಲ್ಲಿಸಿದರು, ಬಾಯಿ ಅಗಲವಾಗಿ ಬಿಟ್ಟರು. ಅದೇ ಅಕ್ಷರ 1976ರಲ್ಲಿ ಅವರ ಹೆಸರಿನಲ್ಲೇ ಮಾರುಕಟ್ಟೆಗೆ ಬಂತು. ತುದಿ ಎಲ್ಲಿ ನಿಲ್ಲುತ್ತದೆ ಅನ್ನುವುದೇ ಬಾಯಿ ಎಷ್ಟು ತೆರೆದಿರುತ್ತದೆ ಅನ್ನುವುದನ್ನು ನಿರ್ಧರಿಸುತ್ತದೆ.

ಸೆರಿಫ್ ಇದೆಯೋ ಇಲ್ಲವೋ ಅಂತ ಜಗಳ ಆಡಿಸುವ ಅಕ್ಷರವೂ ಒಂದಿದೆ. ಜರ್ಮನಿಯ ಅಕ್ಷರವಿನ್ಯಾಸಕ ಹರ್ಮನ್ ಝಾಫ್ 1950ರಲ್ಲಿ ಫ್ಲಾರೆನ್ಸ್‌ನ ಸಾಂತಾ ಕ್ರೋಚೆ ಇಗರ್ಜಿಯಲ್ಲಿ ನೆಲದ ಗೋರಿಕಲ್ಲುಗಳ ಬರಹ ನೋಡಿದರು. ಜೇಬಿನಲ್ಲಿ ಕಾಗದ ಇರಲಿಲ್ಲ. 1000 ಲೀರಾ ನೋಟಿನ ಮೇಲೇ ಗೀಚಿಕೊಂಡರು. 1958ರಲ್ಲಿ ಅದು ಆಪ್ಟಿಮಾ ಆಯಿತು. ಪಾದ ಇಲ್ಲ, ಆದರೆ ಕಂಬ ತುದಿಗೆ ಬರುತ್ತಾ ಬರುತ್ತಾ ಸ್ವಲ್ಪ ಅಗಲವಾಗುತ್ತದೆ. ನೋಡಿದರೆ ಗೊತ್ತೇ ಆಗದಷ್ಟು. ಪುಸ್ತಕಗಳು ಇದನ್ನು ಯಾವ ಗುಂಪಿಗೆ ಹಾಕುವುದು ಅಂತ ತಿಣುಕುತ್ತವೆ. ನಾನಾದರೆ ತಲೆ ಕೆಡಿಸಿಕೊಳ್ಳುವುದಿಲ್ಲ.

ಈಗ ನಮ್ಮ ಮನೆಗೆ ಬರೋಣ.

ಕನ್ನಡದ ತುದಿಗಳ ಹಿಂದೆ ಬೇರೆಯದೇ ಉಪಕರಣಗಳ ಸಾಲಿದೆ. ಕಲ್ಲಿನಲ್ಲಿ ಉಳಿ. ತಾಳೆಗರಿಯ ಮೇಲೆ ಕಬ್ಬಿಣದ ಮೊನೆ. ಆ ಮೊನೆ ಬರೆಯುವುದಿಲ್ಲ, ಗೀರುತ್ತದೆ. ಆಮೇಲೆ ಮಸಿ ಒರೆಸಿದರೆ ಗೀರಿದ ಕಡೆ ಮಾತ್ರ ಕಪ್ಪು ಕೂರುತ್ತದೆ. ಗೀರು ಎಲ್ಲಾ ಕಡೆಗೂ ಒಂದೇ ದಪ್ಪ. ಅಗಲ ಮೊನೆಯೂ ಇಲ್ಲ, ಒತ್ತಿದರೆ ಸೀಳುವ ಮೊನೆಯೂ ಇಲ್ಲ. ಅದಕ್ಕೇ ಅಂದೆ, ನೋರ್ಡ್‌ಜೈ ಲೆಕ್ಕ ಇಲ್ಲಿ ಸಲೀಸಾಗಿ ಕೂರುವುದಿಲ್ಲ ಅಂತ. ಕನ್ನಡದ ಗೆರೆ ಎಷ್ಟೋ ಕಡೆ ಕತ್ತರಿಸಿಕೊಂಡು ನಿಲ್ಲುವುದೂ ಇಲ್ಲ. ‘ಟ’, ‘ಬ’, ‘ಲ’ ಬರೆದು ನೋಡಿ. ತುದಿ ಒಳಕ್ಕೆ ಸುತ್ತಿಕೊಂಡು, ಬೆಕ್ಕು ಬಾಲ ಮಡಚಿ ಮಲಗಿದ ಹಾಗೆ ನಿಲ್ಲುತ್ತದೆ. ನಾನು ಇದಕ್ಕೆ ಸುಳಿ ಅನ್ನುತ್ತೇನೆ. ಲ್ಯಾಟಿನ್ ಪುಸ್ತಕದಲ್ಲಿ ಇದಕ್ಕೆ ಸರಿಹೊಂದುವ ಹೆಸರೇ ಇಲ್ಲ. ಬಾಲ್ ಟರ್ಮಿನಲ್ ಅಂತ ಕೆಲವರು ಬರೆಯುತ್ತಾರೆ, ಅದು ತಪ್ಪು. ಮಣಿ ಅಂದರೆ ತುಂಬಿದ್ದು. ಸುಳಿಯ ಒಳಗೆ ಬಿಳಿ ಇದೆ, ಆ ಬಿಳಿ ಮುಚ್ಚಿದರೆ ಅಕ್ಷರ ಹೋಯಿತು. ಬೊಡೋನಿಗೆ ಜೋಡಿ ಮಾಡುತ್ತೇವೆ ಅಂತ ಸುಳಿಯ ಜಾಗದಲ್ಲೆಲ್ಲ ಮಣಿ ಇಟ್ಟ ಫಾಂಟುಗಳನ್ನು 9 ಪಾಯಿಂಟಿನಲ್ಲಿ ಅಚ್ಚು ಹಾಕಿ ನೋಡಿ. ಪುಟಕ್ಕೆ ಸಾಸಿವೆ ಒಗ್ಗರಣೆ ಹಾಕಿದ ಹಾಗಿರುತ್ತದೆ.

ಒಂದೇ ಕನ್ನಡ ಎರಡು ಉಪಕರಣದಲ್ಲಿ ಹೇಗೆ ಕಾಣುತ್ತದೆ ಅನ್ನಲು ನಮ್ಮ ಮೊದಲ ಪತ್ರಿಕೆಯೇ ಇದೆ. 1843ರಲ್ಲಿ ಹರ್ಮನ್ ಮೋಗ್ಲಿಂಗ್ ಮಂಗಳೂರಿನಲ್ಲಿ ‘ಮಂಗಳೂರ ಸಮಾಚಾರ’ ತಂದಾಗ ಅದನ್ನು ಕಲ್ಲಚ್ಚಿನಲ್ಲಿ ಹಾಕಿದರು. ಕಲ್ಲಚ್ಚು ಅಂದರೆ ಕೈಬರಹವೇ, ಜಿಡ್ಡಿನ ಶಾಯಿಯಲ್ಲಿ ಬರೆದದ್ದು ಕಲ್ಲಿನಿಂದ ಕಾಗದಕ್ಕೆ ಇಳಿಯುತ್ತದೆ. ಮರುವರ್ಷ ಪತ್ರಿಕೆ ಬಳ್ಳಾರಿಗೆ ಹೋಗಿ ‘ಕನ್ನಡ ಸಮಾಚಾರ’ ಆಯಿತು, ಅಲ್ಲಿ ಮೊಳೆ ಜೋಡಿಸಿ ಅಚ್ಚು ಹಾಕಿದರು. ಕಲ್ಲಚ್ಚಿನ ಅಕ್ಷರದ ತುದಿ ಬರೆದವರ ಕೈಯದು, ಒಂದು ‘ಲ’ ಇನ್ನೊಂದು ‘ಲ’ದ ಹಾಗೆ ಇರಬೇಕಿಲ್ಲ. ಮೊಳೆಯಲ್ಲಿ ಒಬ್ಬ ಕೊರೆಯುವವನು ಒಂದೇ ಸಲ ತೀರ್ಮಾನ ಮಾಡುತ್ತಾನೆ. ಅವನು ಸುಳಿಯನ್ನು ಬಿಗಿ ಮಾಡಿದರೆ ಆ ಮೊಳೆಯಲ್ಲಿ ಹಾಕಿದ ಪುಸ್ತಕವೆಲ್ಲ ಬಿಗಿ ಸುಳಿಯದೇ.

ಸರಿ, ತಲೆಕಟ್ಟು. ನಿಮ್ಮ ಮುಖ್ಯ ಪ್ರಶ್ನೆ ಇದೇ ಅಲ್ವಾ?

ಹುಟ್ಟು ನೋಡಿದರೆ ಹೌದು ಅನ್ನಬೇಕು. ಬ್ರಾಹ್ಮಿಯಿಂದ ಬೆಳೆದು ಬಂದ ಲಿಪಿಗಳಲ್ಲಿ ಕಂಬದ ನೆತ್ತಿಯ ಮೇಲೆ ಒಂದು ಸಣ್ಣ ಗುರುತು ಮೂಡಿತು. ಗೆರೆ ಶುರುವಾಗುವ ಕಡೆ ಉಪಕರಣ ಒತ್ತಿದ ಗುರುತು ಅದು. ಉತ್ತರದಲ್ಲಿ ಆ ಗುರುತುಗಳು ಒಂದಕ್ಕೊಂದು ಕೈ ಹಿಡಿದು ದೇವನಾಗರಿಯ ಶಿರೋರೇಖೆ ಆದವು. ದಕ್ಷಿಣದಲ್ಲಿ ಕೈ ಹಿಡಿಯಲಿಲ್ಲ, ಒಂಟಿಯಾಗಿ ಉಳಿದವು. ತೆಲುಗಿನಲ್ಲಿ ಅದು ಸರಿ ಗುರುತಿನ ಹಾಗೆ ಮೇಲಕ್ಕೆ ಚಿಮ್ಮಿತು. ಕನ್ನಡದಲ್ಲಿ ಅಡ್ಡ ಮಲಗಿ ಬಲಗಡೆ ತುದಿ ಬಾಗಿಸಿತು. ಇಷ್ಟರ ಮಟ್ಟಿಗೆ ಅದು ಸೆರಿಫಿನ ದಾಯಾದಿ.

ಆದರೆ ಈಗ ಅದು ಮಾಡುವ ಕೆಲಸ ನೋಡಿ. ‘ಕ’ ಬರೆಯಿರಿ, ತಲೆಕಟ್ಟಿದೆ. ‘ಕಿ’ ಬರೆಯಿರಿ, ತಲೆಕಟ್ಟು ಹೋಗಿ ಗುಡಿಸು ಬಂತು. ‘ಕೆ’ ಅಂದರೆ ಆ ಜಾಗದಲ್ಲಿ ಎತ್ವ. ‘ಕ್’ ಅಂದರೂ ತಲೆಕಟ್ಟು ಇಲ್ಲ. ‘ಕಾ’ ಅಂದರೆ ತಲೆಕಟ್ಟಿನ ಬಲತುದಿಯೇ ಬೆಳೆದು ಇಳಿ ಆಗುತ್ತದೆ. ಆದರೆ ‘ಕು’ ಅಂದಾಗ ಅದು ಇದ್ದಲ್ಲೇ ಇರುತ್ತದೆ, ಕೊಂಬು ಪಕ್ಕಕ್ಕೆ ಬರುತ್ತದೆ. ಒಂದನೇ ತರಗತಿಯಲ್ಲಿ ‘ಕ ತಲಕಟ್ಟು ಕ’ ಅಂತ ಹಾಡಿಸಿದ್ದು ಸುಮ್ನೆ ಅಲ್ಲ. ಅದು ಸ್ವರದ ಜಾಗ ಹಿಡಿದು ಕೂತಿದೆ, ಬೇರೆ ಸ್ವರ ಬಂದರೆ ಎದ್ದು ಜಾಗ ಬಿಡುತ್ತದೆ. ಟೈಮ್ಸ್‌ನ ‘ಎನ್’ನಿಂದ ಪಾದ ಕಿತ್ತರೆ ಅದು ‘ಎನ್’ ಆಗಿಯೇ ಉಳಿಯುತ್ತದೆ. ‘ಕ’ದಿಂದ ತಲೆಕಟ್ಟು ಕಿತ್ತರೆ ಅದು ಯಾವ ಅಕ್ಷರವೂ ಅಲ್ಲ. ಆದ್ದರಿಂದ ಸೆರಿಫ್ ಅನ್ನಬೇಡಿ. ‘ಜ’, ‘ಟ’, ‘ಣ’, ‘ಬ’, ‘ಲ’ಗಳಿಗೆ ತಲೆಕಟ್ಟೇ ಇಲ್ಲವಲ್ಲ ಅಂತ ಕೇಳಬಹುದು. ನಿಜ, ಅವು ಈ ಲೆಕ್ಕಕ್ಕೆ ಪೂರ್ತಿ ಸಿಗುವುದಿಲ್ಲ. ಆದರೆ ‘ಬಿ’, ‘ಬೆ’ ಬರೆಯುವಾಗ ಅವುಗಳ ನೆತ್ತಿಯೂ ಬದಲಾಗುತ್ತದೆ.

ಹಾಗಾದರೆ ಕನ್ನಡದಲ್ಲಿ ಸೆರಿಫ್ ಫಾಂಟು ಅಂತ ಮಾರುತ್ತಾರಲ್ಲ? ಅಲ್ಲಿ ಆ ಪದಕ್ಕೆ ಅರ್ಥ ಬೇರೆ. ಗೆರೆಯಲ್ಲಿ ದಪ್ಪ ಸಣ್ಣ ಇದೆ, ತುದಿಗಳಲ್ಲಿ ಪೆನ್ನಿನ ಗುರುತಿದೆ, ಲ್ಯಾಟಿನ್ ಸೆರಿಫ್ ಅಕ್ಷರದ ಪಕ್ಕ ಕೂರುತ್ತದೆ ಅಂತ. ನೋಟೋ ಅನ್ನುವ ಫಾಂಟುಗಳ ಕುಟುಂಬದಲ್ಲಿ ಕನ್ನಡಕ್ಕೆ ಸ್ಯಾನ್ಸ್, ಅಂದರೆ ಸೆರಿಫ್ ಇಲ್ಲದ್ದು ಒಂದು, ಸೆರಿಫ್ ಒಂದು ಇವೆ. ಎರಡರಲ್ಲೂ ‘ಕ’ಕ್ಕೆ ತಲೆಕಟ್ಟಿದೆ. ತಲೆಕಟ್ಟು ಸೆರಿಫ್ ಆಗಿದ್ದರೆ ಸ್ಯಾನ್ಸ್‌ನಲ್ಲಿ ಅದು ಇರಲೇಬಾರದಿತ್ತು.

ಇನ್ನು ಪಾದ. ನನ್ನ ತಪ್ಪಿನ ಕತೆ ಇಲ್ಲಿ ಬರುತ್ತದೆ. ಕೆಲಸ ಶುರು ಮಾಡಿದ ಹೊಸತು. ಹಳ್ಳಿಯವರಿಗೆ ಹೈನುಗಾರಿಕೆ ಸಾಲದ ಬಗ್ಗೆ ಒಂದು ಕರಪತ್ರ ಮಾಡುವುದಿತ್ತು. ಶೀರ್ಷಿಕೆಗೆ ನಾನೇ ಅಕ್ಷರ ಬರೆದೆ. ಇಂಗ್ಲಿಷ್ ಹೆಸರು ಚೌಕ ಪಾದದ ಅಕ್ಷರದಲ್ಲಿತ್ತು, ಕನ್ನಡವೂ ಹಾಗೇ ಗಟ್ಟಿಯಾಗಿ ನಿಲ್ಲಲಿ ಅಂತ ದುಂಡು ಹೊಟ್ಟೆಗಳ ಕೆಳಗೆ ಒಂದೊಂದು ಪುಟ್ಟ ಪಾದ ಇಟ್ಟೆ. ನನಗಂತೂ ಬಹಳ ಚಂದ ಕಂಡಿತು. ಪ್ರೂಫ್ ನೋಡುವವರು, ವಯಸ್ಸಾದವರು, ಕನ್ನಡಕ ಮೇಲೆತ್ತಿ ಜೋರಾಗಿ ಓದಿದರು: “ಧನ ಕೊಳ್ಳಲು ಸಾಲ.” ಆಮೇಲೆ ನನ್ನ ಮುಖ ನೋಡಿ, “ಧನ ಕೊಳ್ಳೋಕೆ ಸಾಲ ಯಾಕಮ್ಮ, ಸಾಲವೇ ಧನ ಅಲ್ವಾ?” ಅಂದರು. ನಾನು ಬರೆದದ್ದು ‘ದನ’.

ಕನ್ನಡದಲ್ಲಿ ಅಕ್ಷರದ ಬುಡಕ್ಕೆ ಒಂದು ಪುಟ್ಟ ಗೆರೆ ಇಟ್ಟರೆ ಅದು ಅಲಂಕಾರ ಅಲ್ಲ, ಮಹಾಪ್ರಾಣ. ಹೊಟ್ಟೆ ಸೀಳುವುದು ಅಂತ ಶಾಲೆಯಲ್ಲಿ ಹೇಳಿಕೊಟ್ಟಿದ್ದರಲ್ಲ, ಅದೇ. ‘ದ’ ಹೊಟ್ಟೆ ಸೀಳಿದರೆ ‘ಧ’, ‘ಪ’ ಸೀಳಿದರೆ ‘ಫ’, ‘ಡ’ ಸೀಳಿದರೆ ‘ಢ’, ‘ಚ’ ಸೀಳಿದರೆ ‘ಛ’. ಲ್ಯಾಟಿನ್‌ನಲ್ಲಿ ಪಾದಕ್ಕೆ ಅರ್ಥವಿಲ್ಲ, ಅದಕ್ಕೇ ಅದನ್ನು ಹಾಕಬಹುದು, ತೆಗೆಯಬಹುದು, ದಪ್ಪ ಮಾಡಬಹುದು. ನಮ್ಮಲ್ಲಿ ಆ ಜಾಗ ಆಗಲೇ ಬೇರೆಯವರ ಹೆಸರಿಗೆ ನೋಂದಣಿ ಆಗಿದೆ.

ಬುಡ ಒಂದೇ ಅಲ್ಲ. ‘ರ’ದ ಹೊಟ್ಟೆಯೊಳಗೆ ಒಂದು ಚುಕ್ಕಿ ಬಿದ್ದರೆ ‘ಠ’. ಅಗ್ಗದ ಕಾಗದದಲ್ಲಿ ಶಾಯಿ ಹರಡಿ ‘ರ’ದ ಒಳಬಯಲು ಕಟ್ಟಿಕೊಂಡರೆ ಓದುವವರು ಒಂದು ಕ್ಷಣ ತಡವರಿಸುತ್ತಾರೆ. ‘ವ’ಕ್ಕೆ ಕೊಂಬನ್ನು ‘ಕು’ವಿನ ಹಾಗೆ ಪಕ್ಕಕ್ಕೆ ಹಚ್ಚಿದರೆ ಅದು ‘ಮ’ ಆಗಿಬಿಡುತ್ತದೆ. ಅದಕ್ಕೇ ‘ವು’ ಬರೆಯುವಾಗ ಕೊಂಬನ್ನು ಕೆಳಗಿಳಿಸಿ ಬರೆಯುತ್ತೇವೆ, ‘ಪು’ವಿಗೂ ಹಾಗೇ. ತಲೆಮಾರುಗಳಿಂದ ಬರೆದವರು ಮಾಡಿಕೊಂಡ ಈ ಏರ್ಪಾಡು ಫಾಂಟು ಮಾಡುವವರ ಕಣ್ಣು ತಪ್ಪಬಾರದು. ಗೆರೆಯ ತುದಿ ಅರ್ಧ ಕೂದಲು ಆಚೀಚೆ ಆದರೂ ಅಕ್ಷರವೇ ಬದಲಾಗುವ ಜಾಗಗಳು ಇವು.

ಶಾಯಿಯ ಮಾತು ಬಂತು ಅಂತ ಒಂದು ಪಕ್ಕದ ಕತೆ. ಮ್ಯಾಥ್ಯೂ ಕಾರ್ಟರ್ ಅಮೆರಿಕದ ಟೆಲಿಫೋನ್ ಡೈರೆಕ್ಟರಿಗೆ ಅಂತ 1978ರಲ್ಲಿ ಬೆಲ್ ಸೆಂಟೆನಿಯಲ್ ಮಾಡಿದರು. ಅದರಲ್ಲಿ ಗೆರೆಗಳು ಕೂಡುವ ಮೂಲೆಗಳಲ್ಲಿ ಆಳವಾದ ಕಚ್ಚು ಹಾಕಿದ್ದಾರೆ. ದೊಡ್ಡದು ಮಾಡಿ ನೋಡಿದರೆ ಇಲಿ ಕಡಿದ ಹಾಗಿದೆ. ತೆಳು ಕಾಗದದಲ್ಲಿ ಸಣ್ಣಕ್ಷರ ಹಾಕಿದಾಗ ಶಾಯಿ ಹರಡಿ ಆ ಕಚ್ಚು ತುಂಬಿ, ಮೂಲೆ ಸರಿಯಾಗಿ ಕೂರುತ್ತದೆ. ನಮ್ಮ ಒತ್ತಕ್ಷರಗಳಿಗೆ ಈ ಉಪಾಯ ಬೇಕು. ‘ಕ್ಷ್ಮಿ’ ಬರೆದಾಗ ಕೆಳಗೆ ಕೂರುವ ಅಕ್ಷರದ ಸುಳಿ ಎಷ್ಟು ಪುಟ್ಟದು ನೋಡಿ. ಮೇಲಿನ ಅಕ್ಷರವನ್ನೇ ಕುಗ್ಗಿಸಿ ಕೆಳಗಿಟ್ಟರೆ ಗೆರೆ ತೆಳುವಾಗುತ್ತದೆ, ದಪ್ಪ ಮಾಡಿದರೆ ಸುಳಿ ಮುಚ್ಚುತ್ತದೆ. ಒತ್ತಕ್ಷರಕ್ಕೆ ತುದಿಯನ್ನು ಬೇರೆಯಾಗಿಯೇ ಬರೆಯಬೇಕು, ಬೇಗ ನಿಲ್ಲಿಸಬೇಕು. ಇದನ್ನು ಯಾವ ತಂತ್ರಾಂಶವೂ ಮಾಡಿಕೊಡುವುದಿಲ್ಲ.

ಈಗ ನಿಮ್ಮ ಚಿತ್ರ. ಅಕ್ಷರದ ಅಳತೆ ಚೆನ್ನಾಗಿದೆ, ‘ದ’ದ ಹೊಟ್ಟೆಯ ದುಂಡು ನನಗಿಂತ ಚೆನ್ನಾಗಿ ಎಳೆದಿದ್ದೀರಿ. ಆದರೆ ಎರಡೂ ಅಕ್ಷರದ ಬುಡದಲ್ಲಿ ಚೌಕ ಪಾದ ಇಟ್ಟಿದ್ದೀರಿ, ಅದರಿಂದ ನನಗೆ ಅದು ‘ಧೀಫ’ ಅಂತ ಓದಿಸಿತು. ಮೊದಲು ಅವೆರಡನ್ನೂ ಅಳಿಸಿ.

ಇಂಗ್ಲಿಷ್ ಅಕ್ಷರದ ಗಟ್ಟಿತನವನ್ನು ಬೇರೆ ಕಡೆಯಿಂದ ತನ್ನಿ. ಚೌಕ ಪಾದದ ಅಕ್ಷರಗಳಲ್ಲಿ ದಪ್ಪಕ್ಕೂ ಸಣ್ಣಕ್ಕೂ ವ್ಯತ್ಯಾಸ ಕಮ್ಮಿ, ಪಾದವೂ ಕಂಬದಷ್ಟೇ ದಪ್ಪ. ಹಾಗಾಗಿ ಕನ್ನಡದ ಗೆರೆಯನ್ನೂ ಹೆಚ್ಚುಕಡಿಮೆ ಒಂದೇ ದಪ್ಪದಲ್ಲಿ ಇಡಿ. ಗರಿಯ ಮೇಲೆ ಗೀರಿದ ಬರಹ ನೂರಾರು ವರ್ಷ ಹಾಗೇ ಇತ್ತು, ನಮ್ಮ ಅಕ್ಷರಕ್ಕೆ ಅದು ಒಗ್ಗುತ್ತದೆ. ಪಾದ ಹೇಗೆ ಚೌಕವಾಗಿ ಕತ್ತರಿಸಿದೆಯೋ, ತಲೆಕಟ್ಟಿನ ಎಡತುದಿಯನ್ನೂ ಹಾಗೇ ನೇರ ಕತ್ತರಿಸಿ. ಅಲ್ಲಿ ಕತ್ತರಿಸಿದರೆ ಯಾವ ಅಕ್ಷರಕ್ಕೂ ಧಕ್ಕೆ ಇಲ್ಲ. ಬಲತುದಿಯ ಬಾಗು ಬಿಡಬೇಡಿ, ‘ಪ’ ಮತ್ತು ‘ಪಾ’ ಎರಡನ್ನೂ ಅಕ್ಕಪಕ್ಕ ಬರೆದು ಬೇರೆಯಾಗಿ ಕಾಣುತ್ತಿದೆಯಾ ನೋಡಿಕೊಳ್ಳಿ. ‘ದೀ’ಯ ದೀರ್ಘದ ಕೊನೆ ಈಗ ಸೂಜಿಯ ಹಾಗೆ ಚೂಪಾಗಿದೆ. ಉಳಿದದ್ದೆಲ್ಲ ಮೊಂಡಾಗಿರುವಾಗ ಅದೊಂದೇ ಬೇರೆ ಪೆನ್ನಿನಲ್ಲಿ ಬರೆದ ಹಾಗಿದೆ. ಅದನ್ನೂ ಮೊಂಡು ಮಾಡಿ.

ಆಮೇಲೆ ‘ದನ, ಧನ, ಪಲ, ಫಲ, ರವಿ, ಮರ, ಹೂವು, ಠಕ್ಕ’ ಇಷ್ಟು ಪದ ಬರೆದು ಚಿಕ್ಕದಾಗಿ ಪ್ರಿಂಟ್ ತೆಗೆಯಿರಿ. ಡಿಸೈನ್ ಓದದ ಯಾರಿಗಾದರೂ ಕೊಟ್ಟು ಜೋರಾಗಿ ಓದಿಸಿ. ಅಜ್ಜಿ ಇದ್ದರೆ ಅವರಿಗೇ ಕೊಡಿ. ಅವರು ಎಲ್ಲಿ ನಿಂತರೋ ಅಲ್ಲಿ ಗುರುತು ಹಾಕಿಕೊಂಡು ನನಗೆ ಕಳಿಸಿ, ಮುಂದಿನದು ಅದನ್ನು ನೋಡಿ ಹೇಳುತ್ತೇನೆ.